ಮಾಳಿಗೆ ಮನೆ: ರಿಪೇರಿ ಎಲ್ಲಿಂದ ಶುರು?

ಕಡೂರು, ಅಜ್ಜಂಪುರದ ಬಯಲುಸೀಮೆ ಊರುಗಳಲ್ಲಿ ಹಳೇ ಮನೆ ಎಂದರೆ ಮಣ್ಣಿನ ಮಾಳಿಗೆ. ತರೀಕೆರೆ ದಾಟಿ ಕಾಡಿನ ಮಗ್ಗುಲಿಗೆ ಹೋದಂತೆ ಮಳೆ ಜೋರು, ಮಾಡೂ ಇಳಿಜಾರು, ಮೇಲೆ ಹೆಂಚು. 1865ರಲ್ಲಿ ಬಾಸೆಲ್ ಮಿಷನ್‌ನವರು ಮಂಗಳೂರಿನಲ್ಲಿ ಹೆಂಚಿನ ಕಾರ್ಖಾನೆ ಹಾಕಿದ ಮೇಲೆ ನಾಡಹೆಂಚಿನ ಜಾಗಕ್ಕೂ ಆ ಕೆಂಪು ಹೆಂಚು ಬಂತು. ಬಯಲಿನ ಬಡವರ ಮಾಳಿಗೆಗಳು ಮಾತ್ರ ಬಹುಕಾಲ ಹಾಗೇ ಉಳಿದವು.

ಅಜ್ಜಂಪುರ ಕಡೆಯ ನಮ್ಮ ಮನೆಯೂ ಅಂಥದ್ದೇ. ಕೆತ್ತನೆಯ ವೈಭವವಿಲ್ಲ. ಅಡಿಗಲ್ಲಿನ ಮೇಲೆ ಕಂಬ, ಕಂಬದ ತಲೆಗೆ ಬೋದಿಗೆ, ಅದರ ಮೇಲೆ ತೊಲೆ, ಅಡ್ಡಕ್ಕೆ ಜಂತೆ, ಮೇಲೆ ಚಕ್ಕೆ, ಸೊಪ್ಪು, ಕೊನೆಗೆ ಕರ್ಲು ಮಣ್ಣು. ಬೆಳಕಿಗೊಂದು ಗವಾಕ್ಷಿ.

ನಡುಮನೆಯ ತೊಲೆ ಬಾಗಿದಾಗ, ಬದಲಾಯಿಸಿಬಿಡಿ ಎಂದವರೇ ಹೆಚ್ಚು. ನಮ್ಮ ಬಡಗಿ ಒಪ್ಪಲಿಲ್ಲ. ಮೊದಲು ಮಾಳಿಗೆ ಹತ್ತಿಸಿದರು. ಸೋರದಿರಲಿ ಎಂದು ಮಳೆಗಾಲಕ್ಕೆ ಮುಂಚೆ ಹೊಸ ಮಣ್ಣು ಹಾಕುವುದು ವಾಡಿಕೆ. ಹಳೇದನ್ನು ತೆಗೆಯುವವರು ಯಾರು? ಅಗೆದಾಗ ಪದರದ ಮೇಲೆ ಪದರ. ತೊಲೆಗೆ ಊರೆ ಕೊಟ್ಟು ಮಣ್ಣು ಇಳಿಸಿದೆವು. ಬಾಗು ಪೂರ್ತಿ ಹೋಗಲಿಲ್ಲ. ಬೋದಿಗೆಯ ಬಳಿ ಬಿರುಕು ಬೆಳೆಯುವುದು ನಿಂತಿತು.

ಆಮೇಲೆ ಬಡಗಿ ಬಾಚಿಯ ಹಿಂಬದಿಯಿಂದ ತೊಲೆಯನ್ನು ಉದ್ದಕ್ಕೂ ತಟ್ಟಿದರು. ನಡುವೆ ಟಣ್ ಎಂದದ್ದು ಗೋಡೆಯ ಹತ್ತಿರ ಡಬ್ ಎಂದಿತು. ಮಣ್ಣಿನ ಗೋಡೆಗೆ ಹಿಂದೆಂದೋ ಮೆತ್ತಿದ್ದ ಸಿಮೆಂಟ್ ಒಳಗಿನ ತೇವವನ್ನು ಹೊರಗೆ ಬಿಟ್ಟಿರಲಿಲ್ಲ. ಗೋಡೆಯೊಳಗಿನ ತೊಲೆಯ ತುದಿ ಕೊಳೆತು ಪುಡಿಯಾಗಿತ್ತು. ತುದಿಯಷ್ಟನ್ನೇ ಕೊಯ್ದು, ಅರ್ಧಕ್ಕರ್ಧ ಕಚ್ಚು ಕೊಟ್ಟು ಹೊಸ ತುಂಡು ಸೇರಿಸಿದೆವು. ತುದಿಯ ಸುತ್ತ ಗಾಳಿಯಾಡಲು ಸಂದು ಬಿಟ್ಟು, ಗೋಡೆಗೆ ಸುಣ್ಣ ಬೆರೆಸಿದ ಮಣ್ಣಿನ ಗಾರೆ ಬಳಿದೆವು.

ಸೇರಿಸುವ ತುಂಡಿಗೆ ಹೊಸ ಮರವೇ ಬೇಕೆಂದಿಲ್ಲ. ಕೆಡವಿದ ಮನೆಗಳ ಹಳೇ ಮರ ಪೂರ್ತಿ ಒಣಗಿರುತ್ತದೆ, ಇನ್ನು ಸೊಟ್ಟಗಾಗುವ ಭಯ ಕಡಿಮೆ. ನೋಡಬೇಕಾದ್ದು ಚೇಗು, ಅಂದರೆ ಮರದ ಒಳಗಿನ ಗಟ್ಟಿ ತಿರುಳು. ಹೊರಗಿನ ಬಿಳಿ ಭಾಗವನ್ನು ಗೆದ್ದಲು ಬೇಗ ತಿನ್ನುತ್ತದೆ. ಹೊನ್ನೆ, ತೇಗದ ಚೇಗಿಗೆ ಅಷ್ಟು ಸುಲಭಕ್ಕೆ ಬಾಯಿ ಹಾಕುವುದಿಲ್ಲ.

ಇಂಥ ಮನೆಗೆ ಕೈ ಹಾಕುವವರು ಖರ್ಚಿನ ಸರದಿ ಹೀಗಿಟ್ಟುಕೊಳ್ಳಿ: ಮೊದಲು ಮಾಳಿಗೆಯ ನೀರು ಹೊರಹಾಕುವ ಹರನಾಳಿಗೆ ಸರಿಮಾಡಿ ನೀರನ್ನು ಗೋಡೆಯಿಂದ ದೂರ ಬೀಳಿಸಿ, ಆಮೇಲೆ ಮಾಳಿಗೆಯ ಭಾರ ಇಳಿಸಿ, ಮರದ ಕೆಲಸ ಅದಾದ ಮೇಲೆ. ಪಾಲಿಶ್‌ಗೆ ದುಡ್ಡು ಉಳಿದರೆ ನೋಡೋಣ. ಸರದಿ ತಿರುಗುಮುರುಗಾದರೆ ಹೊಸ ತೊಲೆಯೂ ಹಳೇ ಕಾರಣಕ್ಕೇ ಕೊಳೆಯುತ್ತದೆ.