ಪಾಡ್ದನದಿಂದ ಪರದೆಗೆ: ಪಂಜುರ್ಲಿ ಕಥನದ ಮಾಧ್ಯಮರೂಪ

ತುಳುನಾಡಿನ ಪಾಡ್ದನಗಳು ಮುದ್ರಣಕ್ಕೆ ಬಂದು ಒಂದೂಕಾಲು ಶತಮಾನಕ್ಕೂ ಮಿಗಿಲಾದ ಕಾಲ ಸಂದಿದೆ. ಎ. ಮ್ಯಾನರ್ 1886ರಲ್ಲಿ ಮಂಗಳೂರಿನ ಬಾಸೆಲ್ ಮಿಶನ್ ಮುದ್ರಣಾಲಯದಿಂದ ಅವನ್ನು ಪ್ರಕಟಿಸಿದರು. ಅನಂತರ ‘ಇಂಡಿಯನ್ ಆಂಟಿಕ್ವೆರಿ’ಯಲ್ಲಿ ಅಚ್ಚಾದ ಎ.ಸಿ. ಬರ್ನೆಲ್ ಅವರ ಸಾಮಗ್ರಿ ಇದೇ ಪರಂಪರೆಯನ್ನು ಪಿಶಾಚಾರಾಧನೆ ಎಂಬರ್ಥದ ಇಂಗ್ಲಿಷ್ ಹೆಸರಿನಿಂದ ಕರೆಯಿತು. ಸಂಗ್ರಹಿಸಿದವರೇ ಹೆಸರನ್ನೂ ಇಟ್ಟರು. ಮೌಖಿಕ ಕಥನವು ಮಾಧ್ಯಮಾಂತರಗೊಂಡಾಗ ಅದರ ಅರ್ಥವನ್ನು ನಿರ್ಧರಿಸುವವರು ಯಾರು ಎಂಬ ಪ್ರಶ್ನೆ 2022ರ ‘ಕಾಂತಾರ’ ಚಲನಚಿತ್ರದ ಸಂದರ್ಭದಲ್ಲಿ ಮತ್ತೆ ಎದುರಾಗಿದೆ.

ಚಿತ್ರವು ದೈವವನ್ನು ಮೂಢನಂಬಿಕೆಯೆಂದು ತಳ್ಳಿಹಾಕುವುದಿಲ್ಲ. ಭೂಮಿಯ ಒಡೆತನ ಹಾಗೂ ಒಡೆಯರ ದರ್ಪದ ನಡುವೆ ಇಟ್ಟು ನೋಡುತ್ತದೆ. ಇದು ಸಣ್ಣ ಸಂಗತಿಯಲ್ಲ. ಆದರೆ ಆರಾಧನೆಯಲ್ಲಿ ಕುಣಿತಕ್ಕಿಂತ ಮೊದಲು ಕಥೆಯಿದೆ. ನಲಿಕೆ, ಪರವ, ಪಂಬದ ಸಮುದಾಯಗಳ ಕಲಾವಿದನು ಮುಖಕ್ಕೆ ಬಣ್ಣ ಹಚ್ಚಿಕೊಳ್ಳುತ್ತಿರುವಾಗ ಅವನ ಮನೆಯ ಹೆಣ್ಣುಮಗಳು ತೆಂಬರೆ ನುಡಿಸುತ್ತಾ ದೈವದ ಹುಟ್ಟು ಮತ್ತು ಸಂಚಾರವನ್ನು ಹಾಡುವ ಪದ್ಧತಿಯಿದೆ. ನಾಟಿಗದ್ದೆಯಲ್ಲಿಯೂ ಪಾಡ್ದನ ಹಾಡುವವರು ಹೆಂಗಸರೇ. ಕಥನದ ಸ್ಮೃತಿ ಬಹುಮಟ್ಟಿಗೆ ಇವರಲ್ಲಿ ಉಳಿದಿದೆ. ಪರದೆಗಾದರೋ ಗಗ್ಗರ ಕಟ್ಟಿದ ಅನಂತರದ ಉಗ್ರಾವೇಶವೇ ಮುಖ್ಯವಾಯಿತು.

ಪಾಠಾಂತರಗಳು ಹಲವಿದ್ದರೂ, ಪಂಜುರ್ಲಿಯ ಪ್ರಸಿದ್ಧ ಪಾಡ್ದನದಲ್ಲಿ ಹಂದಿಮರಿಯೊಂದು ಕೈಲಾಸದಲ್ಲಿ ಬೆಳೆದು, ಈಶ್ವರನ ತೋಟವನ್ನು ಹಾಳುಗೆಡವಿ, ಅವನ ಕೋಪಕ್ಕೆ ಗುರಿಯಾಗಿ ದೈವವಾಗಿ ಭೂಮಿಗೆ ಇಳಿಯುತ್ತದೆ. ಬೆಳೆ ತಿನ್ನುವ ಪ್ರಾಣಿಯೇ ಬೆಳೆ ಕಾಯುವ ಶಕ್ತಿಯಾಗುವ ಈ ತಿರುವಿನಲ್ಲಿ ಕೃಷಿಕನ ಭಯವೂ ವಿವೇಕವೂ ಅಡಗಿವೆ. ಚಿತ್ರದ ‘ವರಾಹ ರೂಪಂ’ ಗೀತೆ ಕರ್ನಾಟಕ ಸಂಗೀತದ ರಾಗಛಾಯೆ ಮತ್ತು ಸಂಸ್ಕೃತಭೂಯಿಷ್ಠ ಪದಾವಳಿಯ ಮೂಲಕ ಅದೇ ಹಂದಿಯನ್ನು ಪುರಾಣದ ವರಾಹದ ಸಮೀಪಕ್ಕೆ ಒಯ್ಯುತ್ತದೆ. ಗೀತೆಯ ಸೊಗಸನ್ನು ಅಲ್ಲಗಳೆಯಬೇಕಿಲ್ಲ. ಆದರೆ ತುಳುವರಲ್ಲದ ಲಕ್ಷಾಂತರ ಪ್ರೇಕ್ಷಕರಿಗೆ ಪಂಜುರ್ಲಿಯ ಮೊದಲ ಪರಿಚಯವೇ ಇದು. ಅವರ ಪಾಲಿಗೆ ಗದ್ದೆಯ ಹಂದಿ ಇಲ್ಲವಾಗುತ್ತದೆ.

ಕಥನದಿಂದ ಬೇರ್ಪಟ್ಟ ಆವೇಶವನ್ನು ಯಾರು ಬೇಕಾದರೂ ಅನುಕರಿಸಬಹುದು. 2025ರಲ್ಲಿ ‘ಕಾಂತಾರ: ಅಧ್ಯಾಯ 1’ ತೆರೆಕಂಡಾಗ ಚಿತ್ರಮಂದಿರಗಳಲ್ಲಿ ದೈವದ ವೇಷವನ್ನು ಅನುಕರಿಸಬಾರದೆಂದು ನಿರ್ಮಾಣ ಸಂಸ್ಥೆಯೇ ಮನವಿ ಮಾಡಬೇಕಾಯಿತು. ಮೊದಲ ಚಿತ್ರದ ಬೆನ್ನಿಗೇ, 2022ರಲ್ಲಿ, ರಾಜ್ಯ ಸರ್ಕಾರ ಅರವತ್ತು ದಾಟಿದ ದೈವನರ್ತಕರಿಗೆ ತಿಂಗಳಿಗೆ 2,000 ರೂಪಾಯಿ ಮಾಸಾಶನವನ್ನು ಘೋಷಿಸಿತ್ತು. ಸ್ವಾಗತಾರ್ಹ ಕ್ರಮವೇ ಸರಿ. ಆದರೆ ‘ದೈವನರ್ತಕ’ ಎಂಬ ಪದದೊಳಗೆ ತೆಂಬರೆ ಹಿಡಿದು ಹಾಡುವವಳು ಸುಲಭವಾಗಿ ಕಾಣಿಸುವುದಿಲ್ಲ.