ಮುಚ್ಚಿದ ಅಂಗಡಿಯ ಹೆಸರಿನಲ್ಲಿ ಕಾರ್ಡ್ ಬಿಲ್ಲು ಬಂದರೆ ಏನು ಮಾಡಬೇಕು?



ನಾವು ಹಿಂದೆ ಪಾತ್ರೆ ಕೊಳ್ಳುತ್ತಿದ್ದ ಒಂದು ಅಂಗಡಿ ಮುಚ್ಚಿ ಎರಡು ವರ್ಷ ಆಗಿತ್ತು. ಆ ಅಂಗಡಿಯ ಹೆಸರಿನಲ್ಲಿ ನಮ್ಮ ಕ್ರೆಡಿಟ್ ಕಾರ್ಡ್ ಸ್ಟೇಟ್‌ಮೆಂಟಿನಲ್ಲಿ 4,870 ರೂಪಾಯಿ ಬಿದ್ದಿತ್ತು. ಮುಚ್ಚಿದ ಅಂಗಡಿಗೆ ದುಡ್ಡು ಹೋಗುವುದೆಂದರೇನು? ಕಾರ್ಡು ಮಾರ್ಕೆಟಿಗೆ ಒಯ್ಯುವವನು ನಮ್ಮ ಸ್ಟೋರ್ ನೋಡುವ ಹುಡುಗ. ನಮ್ಮ ಕಣ್ಣು ಮೊದಲು ಅವನ ಮೇಲೆಯೇ ಹೋಯಿತು.

ಗಲ್ಲಾದ ಎದುರು ನಾಲ್ಕು ಜನರ ಮುಂದೆ ಕರೆದು ಕೇಳಿದೆವು. "ಅಣ್ಣಾ, ಆ ಹೆಸರಿನ ಅಂಗಡಿ ನಾನು ನೋಡಿಯೇ ಇಲ್ಲ" ಎಂದ. ಅವನು ನಮ್ಮಲ್ಲಿಗೆ ಬಂದು ಒಂದು ವರ್ಷ ಆಗಿತ್ತಷ್ಟೆ. "ಸಂಬಳದಲ್ಲಿ ಹಿಡಿಯುತ್ತೇವೆ" ಎಂದು ನಾವು ಹೇಳಿಬಿಟ್ಟೆವು. ಅವನು ಮತ್ತೆ ಮಾತಾಡಲಿಲ್ಲ, ಆ ರಾತ್ರಿ ಊಟವನ್ನೂ ಮಾಡಲಿಲ್ಲ.

ಆಮೇಲೆ ಬ್ಯಾಂಕಿಗೆ ಫೋನ್ ಮಾಡಿ ಕಾರ್ಡ್ ಬ್ಲಾಕ್ ಮಾಡಿಸಿ, ಇದು ಮೋಸ ಎಂದು ದೂರು ಕೊಟ್ಟೆವು. ಮೊತ್ತ ಯಾವ ದಿನ, ಎಷ್ಟು ಗಂಟೆಗೆ, ಹೇಗೆ ಹೋಗಿದೆ ಎಂದು ಅಲ್ಲಿಯವರು ವಿವರ ಹೇಳಿದರು. ಅಂಗಡಿಯಲ್ಲೇ, ಕಾರ್ಡನ್ನು ಮೆಷಿನಿಗೆ ತಾಗಿಸಿ, ಪಿನ್ ಇಲ್ಲದೆ ಆದ ವ್ಯವಹಾರ. ಆ ತಾರೀಕಿಗೆ ಸ್ಟೋರ್ ಪುಸ್ತಕ ತೆಗೆದು ನೋಡಿದರೆ ಹುಡುಗನ ಕೈಬರಹದಲ್ಲಿ ಬರೆದಿತ್ತು: ಇಡ್ಲಿ ತಟ್ಟೆ, ಸಾಂಬಾರು ಸೌಟು, 4,870 ರೂಪಾಯಿ. ಪಕ್ಕದಲ್ಲಿ ಬೇರೊಂದು ಅಂಗಡಿಯ ಬಿಲ್ಲು. ಕಾರ್ಡಿನ ಸ್ಲಿಪ್ಪನ್ನೂ ಪಿನ್ ಮಾಡಿಟ್ಟಿದ್ದ, ಆದರೆ ಅದರ ಅಕ್ಷರ ಮಾಸಿ ಬರೀ ಬಿಳಿ ಕಾಗದ ಆಗಿತ್ತು.

ಮರುದಿನ ನಾವೇ ಆ ಅಂಗಡಿಗೆ ಹೋದೆವು. ಹಳೆಯ ಅಂಗಡಿಯ ಜಾಗ, ಸಾಮಾನು ಎಲ್ಲ ಹೊಸಬರು ತೆಗೆದುಕೊಂಡಿದ್ದರು. ಬೋರ್ಡು ಬದಲಾಗಿತ್ತು, ಬಿಲ್ ಪುಸ್ತಕ ಬದಲಾಗಿತ್ತು, ಕಾರ್ಡ್ ಮೆಷಿನ್ ಮಾತ್ರ ಹಳೆಯ ಹೆಸರಿನಲ್ಲೇ ಇತ್ತು. ಹುಡುಗ ಹೇಳಿದ್ದರಲ್ಲಿ ಸುಳ್ಳು ಒಂದಕ್ಷರವೂ ಇರಲಿಲ್ಲ.

ಇದರಿಂದ ನಾವು ಕಲಿತದ್ದನ್ನು ಸದಸ್ಯರ ಉಪಯೋಗಕ್ಕಾಗಿ ಕೆಳಗೆ ಕೊಟ್ಟಿದ್ದೇವೆ.

ಮುಚ್ಚಿದ ಅಂಗಡಿಯ ಹೆಸರು ಏಕೆ ಬರುತ್ತದೆ?

1. ಮೆಷಿನ್ ಹಳೆಯ ಹೆಸರಿನಲ್ಲಿರುವುದು. ನಮ್ಮ ಪ್ರಕರಣದಲ್ಲಿ ಆದದ್ದು ಇದೇ. ಇನ್ನು ಕೆಲವು ಕಡೆ ಬೋರ್ಡಿನ ಮೇಲೆ ಒಂದು ಹೆಸರು, ಬ್ಯಾಂಕಿನಲ್ಲಿ ಕಂಪನಿಯ ಹೆಸರು ಬೇರೆ ಇರುತ್ತದೆ.

2. ಕಂತು. ಫ್ರಿಜ್ಜನ್ನೋ ಗ್ರೈಂಡರನ್ನೋ ಕಾರ್ಡಿನ ಮೇಲೆ ಕಂತಿನಲ್ಲಿ ಕೊಂಡರೆ ಬ್ಯಾಂಕು ಅಂಗಡಿಗೆ ದುಡ್ಡು ಆಗಲೇ ಕೊಟ್ಟಿರುತ್ತದೆ. ನಮ್ಮ ಸಾಲ ಬ್ಯಾಂಕಿನ ಹತ್ತಿರ. ಅಂಗಡಿ ಮುಚ್ಚಿದರೂ ಕಂತು ನಿಲ್ಲುವುದಿಲ್ಲ.

3. ವರ್ಷಕ್ಕೊಮ್ಮೆ ತಾನಾಗಿ ಕಡಿತವಾಗುವ ಸದಸ್ಯತ್ವದ ಹಣ. 2021ರ ಅಕ್ಟೋಬರ್ 1ರಿಂದ ನಮ್ಮ ದೇಶದಲ್ಲಿ ಇದಕ್ಕೆ ರಿಸರ್ವ್ ಬ್ಯಾಂಕಿನ ಕಟ್ಟುನಿಟ್ಟು ಇದೆ. ಮೊದಲಿಗೆ ನಮ್ಮ ಒಪ್ಪಿಗೆ ದಾಖಲಾಗಬೇಕು, ಕಡಿತಕ್ಕೆ 24 ಗಂಟೆ ಮೊದಲು ಸಂದೇಶ ಬರಬೇಕು. ಆ ಸಂದೇಶ ಓದಿ, ಬೇಡವಾದರೆ ಆಗಲೇ ರದ್ದು ಮಾಡಬಹುದು.

4. ನಿಜವಾದ ಮೋಸ. ಸತ್ತ ಅಂಗಡಿಯ ಹೆಸರು ಹಿಡಿದು ಯಾರೋ ಕಾರ್ಡ್ ಉಜ್ಜಿರಬಹುದು. ಇದನ್ನು ಕಡೆಗಣಿಸುವ ಹಾಗಿಲ್ಲ.

ಇದಲ್ಲದೆ ಮುಂಗಡ ಕೊಟ್ಟ ಮೇಲೆ ಅಂಗಡಿ ಮುಚ್ಚಿ, ಮಾಲು ಬಾರದೇ ಹೋಗುವುದೂ ಉಂಟು. ಚೆನ್ನೈಯಲ್ಲಿ 1997ರಲ್ಲಿ ಶುರುವಾದ ಸುಭಿಕ್ಷ 2009ರಲ್ಲಿ ಮುಚ್ಚಿತು. ಬಿಗ್ ಬಜಾರ್ ನಡೆಸುತ್ತಿದ್ದ ಫ್ಯೂಚರ್ ರಿಟೇಲ್ 2022ರಲ್ಲಿ ದಿವಾಳಿ ಪ್ರಕ್ರಿಯೆಗೆ ಹೋಯಿತು. ಎಷ್ಟು ದೊಡ್ಡ ಅಂಗಡಿಯೂ ಮುಚ್ಚಬಹುದು ಎನ್ನುವುದಕ್ಕೆ ಈ ಮಾತು. ಮಾಲು ಬಾರದಿದ್ದರೆ "ಮೋಸ" ಎನ್ನದೆ "ಮಾಲು ಬಂದಿಲ್ಲ" ಎಂದೇ ನಮ್ಮ ಬ್ಯಾಂಕಿಗೆ ದೂರು ಕೊಡಬೇಕು. ದೂರು ಸರಿಯೆಂದು ಕಂಡರೆ ನಮ್ಮ ಬ್ಯಾಂಕು ಅಂಗಡಿಯ ಬ್ಯಾಂಕಿನಿಂದ ಹಣ ವಾಪಸು ಕೇಳುತ್ತದೆ. ಇದಕ್ಕೆ ಚಾರ್ಜ್‌ಬ್ಯಾಕ್ ಎನ್ನುತ್ತಾರೆ. ಅಂಗಡಿಯ ಬಾಗಿಲು ಮುಚ್ಚಿದ್ದರೂ ಈ ದಾರಿ ತೆರೆದಿರುತ್ತದೆ. ಇದಕ್ಕೂ ಗಡುವು ಉಂಟು, ಆದ್ದರಿಂದ ತಡ ಮಾಡಬಾರದು.

ಮಾಡಬೇಕಾದ ಕೆಲಸ

ಮೊದಲನೆಯದು, ದಿನ ಎಣಿಸುವುದು. ರಿಸರ್ವ್ ಬ್ಯಾಂಕು 2017ರ ಜುಲೈ 6ರಂದು ಹೊರಡಿಸಿದ ಸುತ್ತೋಲೆಯಲ್ಲಿ ಲೆಕ್ಕ ಹೀಗಿದೆ. ತಪ್ಪು ನಮ್ಮದೂ ಅಲ್ಲ, ಬ್ಯಾಂಕಿನದೂ ಅಲ್ಲ ಎಂದಾದರೆ, ಬ್ಯಾಂಕಿನ ಸಂದೇಶ ಬಂದ ಮೇಲೆ 3 ಕೆಲಸದ ದಿನಗಳ ಒಳಗೆ ತಿಳಿಸಿದರೆ ನಮ್ಮ ಮೇಲೆ ನಷ್ಟವಿಲ್ಲ. 4ರಿಂದ 7 ದಿನ ಆದರೆ ಒಂದು ಮಿತಿಯವರೆಗೆ ನಷ್ಟ ನಮ್ಮದು. 5 ಲಕ್ಷದವರೆಗೆ ಲಿಮಿಟ್ ಇರುವ ಕ್ರೆಡಿಟ್ ಕಾರ್ಡಿಗೆ ಆ ಮಿತಿ 10,000 ರೂಪಾಯಿ, ಅದಕ್ಕಿಂತ ಮೇಲಿನದಕ್ಕೆ 25,000. 7 ದಿನ ದಾಟಿದರೆ ಆಯಾ ಬ್ಯಾಂಕಿನ ನೀತಿಯಂತೆ. ಇಂಥ ನಿಯಮಗಳು ಆಗಾಗ ಬದಲಾಗುವುದರಿಂದ ದೂರು ಕೊಡುವಾಗಲೇ ನಮ್ಮ ಬ್ಯಾಂಕಿನಲ್ಲಿ ಈಗಿನ ಲೆಕ್ಕ ಕೇಳಿಕೊಳ್ಳಬೇಕು.

ಗಮನಿಸಿ, ಲೆಕ್ಕ ಶುರುವಾಗುವುದು ಸಂದೇಶ ಬಂದಾಗಿನಿಂದ, ತಿಂಗಳ ಸ್ಟೇಟ್‌ಮೆಂಟ್ ಬಂದಾಗಿನಿಂದ ಅಲ್ಲ. ನಮಗೆ ಸಂದೇಶ ಬಂದದ್ದು ಮಧ್ಯಾಹ್ನ ಊಟದ ರಷ್‌ನಲ್ಲಿ, ನಾವು ನೋಡಲೇ ಇಲ್ಲ. ಸ್ಟೇಟ್‌ಮೆಂಟ್ ಬರುವಾಗ ಸುಮಾರು ಇಪ್ಪತ್ತು ದಿನ ಕಳೆದಿತ್ತು. ನಿಜವಾದ ಮೋಸವೇ ಆಗಿದ್ದರೆ ನಾವು ಕೈಕೈ ಹಿಸುಕಿಕೊಳ್ಳಬೇಕಿತ್ತು. ರಾತ್ರಿ ಗಲ್ಲಾ ಲೆಕ್ಕ ಮಾಡುವಾಗ ಕಾರ್ಡಿನ ಸಂದೇಶಗಳನ್ನೂ ಒಮ್ಮೆ ನೋಡುವ ಅಭ್ಯಾಸ ಈಗ ಮಾಡಿಕೊಂಡಿದ್ದೇವೆ.

ಎರಡನೆಯದು, ಬ್ಯಾಂಕಿಗೆ ಫೋನ್ ಮಾಡಿ ತಾರೀಕು, ಗಂಟೆ, ವ್ಯವಹಾರ ನಡೆದ ಬಗೆ, ಕಂತೇ ಅಲ್ಲವೇ ಎಂದು ಕೇಳುವುದು. ಫೋನ್ ನಂಬರನ್ನು ಕಾರ್ಡಿನ ಹಿಂಭಾಗದಿಂದಲೇ ತೆಗೆದುಕೊಳ್ಳಿ. "ನಿಮ್ಮ ದುಡ್ಡು ವಾಪಸು ಕೊಡುತ್ತೇವೆ" ಎಂದು ತಾವಾಗಿ ಫೋನ್ ಮಾಡುವವರಿಗೆ ಒಟಿಪಿ ಹೇಳಲೇಬೇಡಿ.

ಮೂರನೆಯದು, ಅದೇ ಹೊತ್ತಿಗೆ ಮನೆಯವರನ್ನೂ ಸ್ಟೋರ್ ಪುಸ್ತಕವನ್ನೂ ವಿಚಾರಿಸುವುದು. ಹೆಸರು ಹಿಡಿದು ಹುಡುಕಬೇಡಿ, ಮೊತ್ತ ಮತ್ತು ತಾರೀಕು ಹಿಡಿದು ಹುಡುಕಿ. ನಾವು ಹೆಸರು ಹಿಡಿದದ್ದರಿಂದಲೇ ತಪ್ಪಿದೆವು.

ನಾಲ್ಕನೆಯದು, ಒಂದೇ ದಿನದಲ್ಲಿ ಗೊತ್ತಾಗದಿದ್ದರೆ ಕಾಯುತ್ತ ಕೂರಬಾರದು. ಕಾರ್ಡ್ ಬ್ಲಾಕ್ ಮಾಡಿಸಿ, ದೂರು ಕೊಟ್ಟು, ದೂರಿನ ನಂಬರ್ ಬರೆದಿಟ್ಟುಕೊಳ್ಳಿ. ಖಚಿತವಾದ ಮೋಸವಾದರೆ 1930ಕ್ಕೂ ಫೋನ್ ಮಾಡಿ. ಬಿಲ್ಲಿನ ಉಳಿದ ಮೊತ್ತವನ್ನು ಗಡುವಿನೊಳಗೆ ಕಟ್ಟಿಬಿಡಿ. ಸಿಟ್ಟಿನಿಂದ ಇಡೀ ಬಿಲ್ಲು ನಿಲ್ಲಿಸಿದರೆ ಬಡ್ಡಿ ನಮ್ಮ ತಲೆಗೇ ಬರುತ್ತದೆ. ಬ್ಯಾಂಕು 30 ದಿನದಲ್ಲಿ ಉತ್ತರ ಕೊಡದಿದ್ದರೆ, ಅಥವಾ ಕೊಟ್ಟ ಉತ್ತರ ಸರಿಯಿಲ್ಲದಿದ್ದರೆ, ರಿಸರ್ವ್ ಬ್ಯಾಂಕಿನ ಓಂಬುಡ್ಸ್‌ಮನ್‌ಗೆ ದೂರು ಕೊಡಬಹುದು. ಇದಕ್ಕೆ ಶುಲ್ಕವಿಲ್ಲ.

ಐದನೆಯದು, ಲೆಕ್ಕ ಸಿಕ್ಕಿದರೆ ದೂರನ್ನು ಕೂಡಲೇ ವಾಪಸು ಪಡೆಯುವುದು. ನಾವು ಹಾಗೆಯೇ ಮಾಡಿದೆವು. ಇಲ್ಲದಿದ್ದರೆ ಮಾಲು ಕೊಟ್ಟ ವ್ಯಾಪಾರಿಯ ದುಡ್ಡಿಗೆ ಕುತ್ತು ಬರುತ್ತಿತ್ತು.

ನಮ್ಮ ಮೆಷಿನ್ ಯಾರ ಹೆಸರಿನಲ್ಲಿದೆ?

ಈ ಪ್ರಶ್ನೆ ನಮ್ಮ ಧಂದೆಗೇ ಸೇರಿದ್ದು. ಮುಂಬಯಿ, ಪುಣೆ ಕಡೆ ಎಷ್ಟೋ ಹೋಟೆಲುಗಳು ಕಂಡಕ್ಟಿಂಗ್ ಮೇಲೆ ಕೈ ಬದಲಾಯಿಸುತ್ತವೆ. ಬೋರ್ಡು ಬದಲಾಗುತ್ತದೆ, ಮೆಷಿನ್ ಹಳಬರದ್ದೇ ಉಳಿಯುತ್ತದೆ. ನಮ್ಮಲ್ಲಿ ಮಸಾಲೆ ದೋಸೆ ತಿಂದ ಗಿರಾಕಿ ತಿಂಗಳ ಕೊನೆಗೆ ಕೇಳರಿಯದ ಹೆಸರು ನೋಡಿ ದೂರು ಕೊಟ್ಟರೆ ಅದು ಅವನ ತಪ್ಪಲ್ಲ. ಆಗ ಬ್ಯಾಂಕು ನಮ್ಮಿಂದ ಪುರಾವೆ ಕೇಳುತ್ತದೆ, ಕೊಡಲಾಗದಿದ್ದರೆ ದುಡ್ಡು ಹಿಂದಕ್ಕೆ ಹೋಗುತ್ತದೆ. ಹಳೆಯ ಮಾಲೀಕರ ಮೆಷಿನಾದರೆ ದುಡ್ಡು ಮೊದಲು ಸೇರುವುದೂ ಅವರ ಖಾತೆಗೇ.

ಆದುದರಿಂದ ಸದಸ್ಯರು ತಮ್ಮ ಕಾರ್ಡಿನಿಂದಲೇ ಒಮ್ಮೆ ತಮ್ಮ ಮೆಷಿನಿನಲ್ಲಿ ಹತ್ತು ರೂಪಾಯಿ ತೆಗೆದು, ಸಂದೇಶದಲ್ಲಿ ಯಾವ ಹೆಸರು ಬರುತ್ತದೆ ನೋಡಿ. ಬೋರ್ಡಿನ ಹೆಸರು ಬಾರದಿದ್ದರೆ ಬ್ಯಾಂಕಿಗೆ ಪತ್ರ ಬರೆದು ಬದಲಾಯಿಸಿ. ಹೋಟೆಲು ಬಿಟ್ಟುಕೊಡುವವರು ಮೆಷಿನನ್ನು ಬ್ಯಾಂಕಿಗೆ ವಾಪಸು ಮಾಡಿ ರಸೀದಿ ಪಡೆಯಿರಿ. ದೊಡ್ಡ ಪಾರ್ಟಿ ಆರ್ಡರಿನ ಸ್ಲಿಪ್ಪುಗಳ ಜೆರಾಕ್ಸ್ ತೆಗೆದಿಡಿ, ಆ ಕಾಗದದ ಅಕ್ಷರ ಬೇಗ ಮಾಸುತ್ತದೆ.

ಕಾರ್ಡನ್ನು ಹುಡುಗರ ಕೈಗೆ ಕೊಡುವುದೂ ಸರಿಯಲ್ಲ. 2021ರ ಜನವರಿ 1ರಿಂದ 5,000 ರೂಪಾಯಿವರೆಗೆ ಪಿನ್ ಇಲ್ಲದೆ ತಾಗಿಸಿ ಕೊಡುವ ಅವಕಾಶ ಬಂದಿದೆ. ನಾಳೆ ಏನಾದರೂ ಆದರೆ ನಾವೇ ಕಾರ್ಡ್ ಕೊಟ್ಟೆವೆಂದು ನಷ್ಟ ನಮ್ಮ ಮೇಲೆಯೇ ಬರುತ್ತದೆ. ಅದಕ್ಕಿಂತ ಹೆಚ್ಚಾಗಿ, ಏನೇ ವ್ಯತ್ಯಾಸ ಬಂದರೂ ಮೊದಲ ಅನುಮಾನ ಆ ಹುಡುಗನ ಮೇಲೆ ಬೀಳುತ್ತದೆ. ನಾವು ಈಗ ಪಾತ್ರೆ ಅಂಗಡಿಗೆ ಚೆಕ್ಕಿನಲ್ಲೇ ಕೊಡುತ್ತೇವೆ.

ಯಾರ ಮುಂದೆ ಬೈದಿದ್ದೆವೋ ಅದೇ ನಾಲ್ಕು ಜನರನ್ನು ಕರೆದು, ಗಲ್ಲಾದ ಎದುರಿನಲ್ಲೇ ಹುಡುಗನಿಗೆ "ತಪ್ಪು ನಮ್ಮದು ಮಾರಾಯ" ಎಂದೆವು. "ಇರಲಿ ಅಣ್ಣಾ" ಎಂದು ಸ್ಟೋರಿಗೆ ಹೋದ. ಅವನು ಇನ್ನೂ ನಮ್ಮಲ್ಲೇ ಇದ್ದಾನೆ. ಆದರೆ ಈಗ ನಿಂಬೆಹಣ್ಣು ತಂದರೂ ಚೀಟಿ ತಂದು ನಮ್ಮ ಮುಂದೆ ಇಟ್ಟೇ ಹೋಗುತ್ತಾನೆ. ಬ್ಯಾಂಕಿನ ಲೆಕ್ಕ ಒಂದೇ ವಾರದಲ್ಲಿ ಸರಿಹೋಯಿತು, ಇದು ಸರಿಹೋಗಲು ಸಮಯ ಬೇಕು. ಸದಸ್ಯರು ಹುಡುಗರನ್ನು ಕರೆಯುವ ಮೊದಲು ಸ್ಟೋರ್ ಪುಸ್ತಕ ತೆರೆಯಬೇಕಾಗಿ ವಿನಂತಿ.