ಮೂರೂವರೆ ಗ್ರಾಂ ಲಿಪ್‌ಸ್ಟಿಕ್, ಐವತ್ತು ಗ್ರಾಂ ಸನ್‌ಸ್ಕ್ರೀನ್

ಲಿಪ್‌ಸ್ಟಿಕ್ ಡಬ್ಬಿಯನ್ನು ತಿರುಗಿಸಿ ಹಿಡಿದರೆ ಎಂಆರ್‌ಪಿ ಪಕ್ಕದಲ್ಲೇ ಇನ್ನೊಂದು ಬೆಲೆ ಕಾಣುತ್ತದೆ: ಒಂದು ಗ್ರಾಂಗೆ ಇಷ್ಟು ಎಂದು. ಪೊಟ್ಟಣದ ಸರಕಿನ ಮೇಲೆ ಬಿಡಿ ದರವನ್ನೂ ಮುದ್ರಿಸಬೇಕೆಂಬ ನಿಯಮ ಬಂದ ಮೇಲೆ ಅಡುಗೆ ಎಣ್ಣೆ, ಸೋಪುಗಳ ಹಾಗೆ ತುಟಿಯ ಬಣ್ಣಕ್ಕೂ ಅದು ಬಂತು. ಮಾಮೂಲಿ ಲಿಪ್‌ಸ್ಟಿಕ್‌ನಲ್ಲಿ ಇರುವುದು 3.5 ಗ್ರಾಂ ಆಸುಪಾಸು. ಬೆಲೆ ₹700 ಎಂದಿಟ್ಟುಕೊಂಡರೆ ಗ್ರಾಂಗೆ ₹200, ಕಿಲೋಗೆ 2 ಲಕ್ಷ. ಅದೇ ಕಪಾಟಿನಲ್ಲಿರುವ 50 ಗ್ರಾಂ ಸನ್‌ಸ್ಕ್ರೀನ್ ಟ್ಯೂಬಿಗೆ ₹500 ಇದ್ದರೆ ಗ್ರಾಂಗೆ ₹10 ಬಿತ್ತು, ಅಷ್ಟೇ.

ಆದರೆ ದಿನದ ಲೆಕ್ಕ ಹಾಕಿದರೆ ಇದು ತಿರುಗುಮುರುಗಾಗುತ್ತದೆ. ಮುಖ ಮತ್ತು ಕತ್ತಿಗೆ ಸನ್‌ಸ್ಕ್ರೀನ್ ಕೆಲಸ ಮಾಡಬೇಕಾದರೆ ತೋರುಬೆರಳು, ನಡುಬೆರಳು ಎರಡರ ಉದ್ದಕ್ಕೂ ಎಳೆದಷ್ಟು ಬೇಕು ಎಂದು ಚರ್ಮವೈದ್ಯರು ಹೇಳುತ್ತಾರೆ. ಕಡಿಮೆ ಎಂದರೂ ಅದು ಒಂದು ಗ್ರಾಂ. ದಿನಕ್ಕೆ ಒಮ್ಮೆ ಹಚ್ಚಿದರೂ 50 ಗ್ರಾಂ ಟ್ಯೂಬ್ ಐವತ್ತು ದಿನ ದಾಟುವುದಿಲ್ಲ. ದಿನಕ್ಕೆ ₹10 ಖರ್ಚು. ಲಿಪ್‌ಸ್ಟಿಕ್ ವರ್ಷಪೂರ್ತಿ ಬಂದರೆ ದಿನಕ್ಕೆ ₹2 ಕೂಡ ಆಗಲಿಲ್ಲ.

ಮನೆಖರ್ಚಿನ ಪುಸ್ತಕದಲ್ಲಿ ‘ಮುಖ’ ಎಂಬ ಪ್ರತ್ಯೇಕ ಕಾಲಂ ಇಟ್ಟುಕೊಂಡಿರುವ ಈ ಅಂಕಣಕಾರ್ತಿಗೆ ವರ್ಷಗಳಿಂದ ಖಚಿತವಾಗಿರುವ ಸಂಗತಿಯೊಂದಿದೆ. ಮೇಕಪ್‌ನಲ್ಲಿ ದುಡ್ಡು ಸೋರುವುದು ಬೆಲೆ ಹೆಚ್ಚಾದ ವಸ್ತುವಿನಿಂದಲ್ಲ, ಮುಗಿಯದೆ ಉಳಿದ ವಸ್ತುವಿನಿಂದ. ಅರ್ಧಕ್ಕೆ ಬಿಟ್ಟ ₹300ರ ಫೌಂಡೇಶನ್, ತಳ ಕಾಣುವವರೆಗೆ ಬಳಸಿದ ₹500ರ ಸನ್‌ಸ್ಕ್ರೀನ್‌ಗಿಂತ ದುಬಾರಿ.

ಅಕ್ಕನ ಮಗಳಿಗೆ ವೈಟ್‌ಫೀಲ್ಡಿನಲ್ಲಿ ಕೆಲಸ ಸಿಕ್ಕಾಗ ಈ ಮಾತು ಪ್ರಯೋಗಕ್ಕೆ ಬಂತು. ಮೊದಲ ಸಂಬಳ ಬರುವ ಮೊದಲೇ ಆಕೆಯ ಫೋನಿನ ಕಾರ್ಟ್‌ನಲ್ಲಿ ಪ್ರೈಮರ್, ಫೌಂಡೇಶನ್, ಕಾಂಟೂರ್, ಹೈಲೈಟರ್, ಸೆಟ್ಟಿಂಗ್ ಸ್ಪ್ರೇ ಎಲ್ಲ ಕೂತಿದ್ದವು.

“ಚಿಕ್ಕಮ್ಮ, ಇದೆಲ್ಲ ಬೇಕಾ?”

“ಬೆಳಿಗ್ಗೆ ಕನ್ನಡಿ ಮುಂದೆ ಎಷ್ಟು ಹೊತ್ತು ನಿಲ್ತೀಯ?”

“ಐದು ನಿಮಿಷ ಸಿಕ್ಕಿದ್ರೆ ಪುಣ್ಯ. ಎಂಟೂವರೆ ಮೆಟ್ರೋ ಹಿಡೀಬೇಕು.”

“ಹಂಗಾದ್ರೆ ಐದು ನಿಮಿಷಕ್ಕೆ ಆಗೋಷ್ಟು ಮಾತ್ರ ತಗೊ.”

ಐದು ನಿಮಿಷಕ್ಕೆ ಆಗುವುದು ಬಹಳವೇನಲ್ಲ. ಮುಖ ತೊಳೆದ ಮೇಲೆ, ಚರ್ಮ ಒಣಗುವ ಜಾತಿಯದಾದರೆ ಮಾತ್ರ ಮಾಯಿಶ್ಚರೈಸರ್. ಎಣ್ಣೆ ಚರ್ಮದವರಿಗೆ ಎಷ್ಟೋ ಸಲ ಸನ್‌ಸ್ಕ್ರೀನ್ ಒಂದೇ ಸಾಕು. ಆ ಸನ್‌ಸ್ಕ್ರೀನ್ ಬಣ್ಣ ಬೆರೆತದ್ದಾದರೆ, ಅಂದರೆ ಟಿಂಟೆಡ್ ಆದರೆ, ಫೌಂಡೇಶನ್ನಿನ ಖರ್ಚು ಪೂರ್ತಿ ಉಳಿಯಿತು. ಎರಡು ಬೆರಳಿನಷ್ಟನ್ನು ಒಂದೇ ಸಲ ಮೆತ್ತದೆ ಎರಡು ಸರ್ತಿಯಾಗಿ ಹಚ್ಚಿದರೆ ಪದರ ಗಟ್ಟಿಯಾಗಿ ಕಾಣದು. ಆಮೇಲೆ ಕನ್ಸೀಲರ್: ಕಣ್ಣಿನ ಒಳಮೂಲೆಗೆ ಒಂದು ಚುಕ್ಕಿ, ಮೂಗಿನ ಪಕ್ಕದ ಕೆಂಪಿಗೆ ಒಂದು, ಕಲೆ ಇದ್ದರೆ ಅದರ ಮೇಲೊಂದು. ಅರ್ಧ ನಿಮಿಷ ಸುಮ್ಮನೆ ಬಿಟ್ಟು, ಕೊಂಚ ಬಿಗಿದ ಮೇಲೆ ಉಂಗುರ ಬೆರಳಿನಿಂದ ಅಂಚನ್ನಷ್ಟೇ ತಟ್ಟಬೇಕು. ಒರೆಸಿದರೆ ಎದ್ದು ಬರುತ್ತದೆ. ತುಟಿಗೆ ಹಚ್ಚಿದ ಕ್ರೀಮ್ ಲಿಪ್‌ಸ್ಟಿಕ್ಕನ್ನೇ ಬೆರಳಿಗೆ ಸೋಕಿಸಿ ಕೆನ್ನೆಗೆ ತಟ್ಟಿದರೆ ಬ್ಲಶ್ ಬೇಡ. (ಒಣಗಿ ಅಂಟಿಕೊಳ್ಳುವ ಮ್ಯಾಟ್ ಲಿಕ್ವಿಡ್‌ನಲ್ಲಿ ಇದು ಆಗದು.) ಹುಬ್ಬಿಗೆ ಒಣ ಬ್ರಷ್ಷು, ಕಣ್ಣಿಗೆ ಕಾಜಲ್, ಮೂಗು ಮತ್ತು ಹಣೆಗೆ ಮಾತ್ರ ಸ್ವಲ್ಪ ಪೌಡರ್. ಇಷ್ಟರಲ್ಲಿ ಚರ್ಮ ಚರ್ಮದಂತೆಯೇ ಕಾಣುತ್ತದೆ, ನಿದ್ದೆಗೆಟ್ಟ ಕಣ್ಣಿನ ಕಪ್ಪು ಮಾತ್ರ ಮರೆಯಾಗುತ್ತದೆ.

ನಮ್ಮ ಕಡೆ ಇದು ಹೊಸದೂ ಅಲ್ಲ. ಒಂದೆರಡು ತಲೆಮಾರಿನ ಹಿಂದೆ ಸ್ನೋ, ಪೌಡರ್, ಕಾಡಿಗೆ, ಕುಂಕುಮ ಇಷ್ಟರಲ್ಲೇ ಮದುವೆ ಮನೆಗೂ ಹೋಗಿ ಬರುತ್ತಿದ್ದರು. ಮುಖದ ಖರ್ಚಿನ ಚಿಂತೆಯೂ ಹಳೆಯದೇ: ವಿದೇಶಿ ಸೌಂದರ್ಯ ಸಾಮಗ್ರಿಗೆ ಹರಿದುಹೋಗುತ್ತಿದ್ದ ವಿದೇಶಿ ವಿನಿಮಯವನ್ನು ಉಳಿಸಬೇಕೆಂದು 1952ರಲ್ಲಿ ಟಾಟಾ ಸಮೂಹ ಲ್ಯಾಕ್ಮೆ ಆರಂಭಿಸಿತು.

ಹಣದ ದೃಷ್ಟಿಯಿಂದ ಅತಿ ಹೆಚ್ಚು ನಷ್ಟ ತರುವುದು ಬಣ್ಣದ ಆಯ್ಕೆ. ಟಿಂಟೆಡ್ ಸನ್‌ಸ್ಕ್ರೀನ್‌ಗಳಲ್ಲಿ ಎಷ್ಟೋ ಕಂಪನಿಗಳು ಒಂದೋ ಎರಡೋ ಛಾಯೆ ಮಾಡಿ ಎಲ್ಲರಿಗೂ ಹೊಂದುತ್ತದೆ ಎನ್ನುತ್ತವೆ. ಎಣ್ಣೆಗೆಂಪು, ಕಪ್ಪು ಮೈಬಣ್ಣದವರ ಮುಖದಲ್ಲಿ ಅದು ಬೂದಿ ಬಳಿದಂತೆ ಕೂರುತ್ತದೆ. ಜಿಂಕ್ ಆಕ್ಸೈಡ್ ಹೆಚ್ಚಿದ್ದರಂತೂ ಹೇಳುವುದೇ ಬೇಡ. ಕನ್ಸೀಲರ್ ವಿಷಯದಲ್ಲೂ ಅಂಗಡಿಯ ಬಿಳಿ ದೀಪದಡಿ ಮುಂಗೈಗೆ ಹಚ್ಚಿ ನೋಡಿ ಕೊಳ್ಳುವುದು ರೂಢಿ. ಮುಂಗೈ ಬಣ್ಣವೇ ಬೇರೆ, ಮುಖದ ಬಣ್ಣವೇ ಬೇರೆ. ಅಕ್ಕನ ಮಗಳೊಂದಿಗೆ ಹೋದ ಮಲ್ಲೇಶ್ವರದ ಫ್ಯಾನ್ಸಿ ಸ್ಟೋರಿನ ಹೆಂಗಸು ಇದನ್ನು ಬಲ್ಲವರು. ದವಡೆಯಂಚಿಗೆ ಮೂರು ಛಾಯೆಯ ಗೆರೆ ಎಳೆದು, “ಹೊರಗಡೆ ಬೆಳಕಲ್ಲಿ ನಿಂತು ನೋಡ್ಕೊಂಡ್ ಬಾಮ್ಮ. ಹತ್ತು ನಿಮಿಷ ಬಿಟ್ಟು ತಗೊ, ಅರ್ಜೆಂಟ್ ಮಾಡ್ಬೇಡ” ಎಂದರು. ಆ ಹತ್ತು ನಿಮಿಷದಲ್ಲಿ ಒಂದು ಗೆರೆ ಗಾಳಿಗೆ ಗಾಢವಾಗಿ ಕಿತ್ತಳೆಗೆ ತಿರುಗಿತು, ಇನ್ನೊಂದು ಬೆಳ್ಳಗೆ ಎದ್ದು ನಿಂತಿತು. ಮೂರನೆಯದು ಎಲ್ಲಿದೆ ಎಂದು ಹುಡುಕಬೇಕಾಯಿತು. ಕೊಂಡದ್ದು ಅದನ್ನೇ. ಆನ್‌ಲೈನ್‌ನಲ್ಲಿ ನೂರಿನ್ನೂರು ರೂಪಾಯಿ ಕಡಿಮೆಗೆ ಸಿಗಬಹುದಿತ್ತು. ಮೊದಲ ಬಾರಿ ಛಾಯೆ ಗೊತ್ತುಮಾಡಿಕೊಳ್ಳಲು ಅಂಗಡಿಗೆ ಕೊಡುವ ಆ ಹೆಚ್ಚುವರಿ ದುಡ್ಡು ಸಾರ್ಥಕ. ಎರಡನೇ ಸಲ ಎಲ್ಲಿ ಅಗ್ಗವೋ ಅಲ್ಲಿ ಕೊಳ್ಳಬಹುದು.

ಬಿಡಿ ದರದ ಇನ್ನೊಂದು ಮುಖ ಇಲ್ಲಿದೆ. ಬೇಳೆ, ಸಕ್ಕರೆಯಲ್ಲಿ ದೊಡ್ಡ ಪೊಟ್ಟಣವೇ ಲಾಭ. ಮೇಕಪ್‌ನಲ್ಲಿ ಆ ಸೂತ್ರ ಸನ್‌ಸ್ಕ್ರೀನ್, ಫೇಸ್‌ವಾಶ್‌ನಂತಹ ಬೇಗ ಖಾಲಿಯಾಗುವ ವಸ್ತುಗಳಿಗಷ್ಟೇ ಸರಿ. ಉಳಿದವಕ್ಕೆ ಗಡಿಯಾರ ಇದೆ. ಡಬ್ಬಿಯ ಹಿಂದೆ ಮುಚ್ಚಳ ತೆರೆದ ಪುಟ್ಟ ಭರಣಿಯ ಚಿತ್ರ, ಅದರೊಳಗೆ 6ಎಂ ಅಥವಾ 12ಎಂ ಎಂದಿರುತ್ತದೆ. ತೆರೆದ ದಿನದಿಂದ ಅಷ್ಟು ತಿಂಗಳು ಬಳಸಬಹುದು ಎಂದರ್ಥ. ಡಬ್ಬಿಯ ಮೇಲೆ ಮುದ್ರಿಸಿದ ಕೊನೆಯ ದಿನಾಂಕ ಬೇರೆ, ಇದು ಬೇರೆ. ಮಸ್ಕಾರಾಗೆ ಮೂರರಿಂದ ಆರು ತಿಂಗಳು. ಕಣ್ಣಿಗೆ ತಾಕುವುದಾದ್ದರಿಂದ ಅದರಲ್ಲಿ ರಾಜಿ ಬೇಡ. ಈ ಅಂಕಣಕಾರ್ತಿ ಹೊಸ ಡಬ್ಬಿ ಒಡೆದ ಕೂಡಲೇ ತಳಕ್ಕೆ ಪುಟ್ಟ ಟೇಪ್ ಅಂಟಿಸಿ ತಿಂಗಳು, ಇಸವಿ ಬರೆದಿಡುತ್ತಾಳೆ. ಹೀಗೆ ಬರೆದಿಟ್ಟವರಿಗೆ ಬೇಗ ಹೊಳೆಯುವ ಸಂಗತಿ ಎಂದರೆ, ಗ್ರಾಂ ಲೆಕ್ಕದಲ್ಲಿ ದುಬಾರಿ ಎನಿಸುವ ಮಿನಿ ಪ್ಯಾಕ್ ಕನ್ಸೀಲರ್ ಪೂರ್ತಿ ಬಳಕೆಯಾಗುತ್ತದೆ, ದೊಡ್ಡದರಲ್ಲಿ ಅರ್ಧ ಕಸಕ್ಕೆ ಹೋಗುತ್ತದೆ.

ಲಿಪ್‌ಸ್ಟಿಕ್ ಮುಗಿಯಿತು ಎಂದು ಎಸೆಯುವವರು ಒಳಗೆ ಇಣುಕಬೇಕು. ಬಣ್ಣ ಕೊಳವೆಯ ಅಂಚಿಗೆ ಸಮನಾದ ಮೇಲೂ ಕೆಳಗಿನ ಬಟ್ಟಲಿನಲ್ಲಿ ಒಳ್ಳೆಯ ಪಾಲು ಉಳಿದಿರುತ್ತದೆ. ತೊಳೆದು ಒರೆಸಿದ ಹೇರ್‌ಪಿನ್‌ನ ಬೆನ್ನಿನಿಂದ ಅದನ್ನು ಕೆರೆದು ಖಾಲಿ ಕುಂಕುಮದ ಭರಣಿಗೆ ತುಂಬಿಕೊಂಡರೆ ಕೆನ್ನೆಗೂ ತುಟಿಗೂ ಮತ್ತೆ ಕೆಲವು ವಾರಕ್ಕೆ ಆಯಿತು. ಸನ್‌ಸ್ಕ್ರೀನ್ ಟ್ಯೂಬನ್ನು ನಡುವೆ ಕತ್ತರಿಸಿದರೆ ಕತ್ತಿನ ಭಾಗದಲ್ಲಿ ಮೂರ್ನಾಲ್ಕು ದಿನದ ಸರಕು ಅಂಟಿಕೊಂಡಿರುತ್ತದೆ. ಹಾಗೆಯೇ ಬಿಸಿಲು: ಕಲಬುರಗಿಯ ಏಪ್ರಿಲ್‌ನಲ್ಲಿ ಸ್ಕೂಟರಿನ ಡಿಕ್ಕಿಯೊಳಗೆ ಮರೆತ ಲಿಪ್‌ಸ್ಟಿಕ್ ಕರಗಿ, ಸನ್‌ಸ್ಕ್ರೀನ್ ಒಡೆದು ನೀರು ಬಿಟ್ಟುಕೊಳ್ಳುತ್ತದೆ. ಹೀಗೆ ಒಡೆದ ಸನ್‌ಸ್ಕ್ರೀನನ್ನು ನಂಬಬಾರದು.

ತೆರಿಗೆಯನ್ನೂ ಒಮ್ಮೆ ನೋಡಬೇಕು. 2025ರ ಸೆಪ್ಟೆಂಬರ್ 22ರಿಂದ ಫೇಸ್ ಪೌಡರ್ ಮತ್ತು ಟಾಲ್ಕಂ ಪೌಡರಿನ ಜಿಎಸ್‌ಟಿ ಶೇ 18ರಿಂದ ಶೇ 5ಕ್ಕೆ ಇಳಿಯಿತು. ಬ್ಯೂಟಿ ಪಾರ್ಲರ್ ಸೇವೆಯದೂ ಶೇ 5ಕ್ಕೆ ಬಂತು. ಕುಂಕುಮ, ಬಿಂದಿಗೆ ಮೊದಲಿಂದಲೂ ತೆರಿಗೆ ಇಲ್ಲ. ಡಬ್ಬಿಯ ಕಾಡಿಗೆಗೂ ಇಲ್ಲ, ಪೆನ್ಸಿಲ್ ಕಾಜಲ್ ಮಾತ್ರ ಆ ವಿನಾಯಿತಿಯ ಹೊರಗೆ. ಸನ್‌ಸ್ಕ್ರೀನ್ ಈಗಲೂ ಲಿಪ್‌ಸ್ಟಿಕ್ಕಿನ ಜೊತೆ ಶೇ 18ರಲ್ಲೇ ಇದೆ. ₹500ರ ಟ್ಯೂಬಿನಲ್ಲಿ ಸುಮಾರು ₹76 ತೆರಿಗೆಯೇ. ಬಿಸಿಲಲ್ಲಿ ದುಡಿಯುವ ದೇಶದಲ್ಲಿ ಚರ್ಮ ಕಾಯುವ ವಸ್ತುವಿಗೆ ಪೌಡರಿಗಿಂತ ಹೆಚ್ಚು ತೆರಿಗೆ ಇರುವುದು ನ್ಯಾಯವಲ್ಲ. ಇದು ಬದಲಾಗಲೇಬೇಕು.

ಅಲ್ಲಿಯವರೆಗೆ ಮಾಡಬಹುದಾದ್ದು, ಕೈಬಿಚ್ಚಿ ಹಚ್ಚಲು ಮನಸ್ಸಾಗುವಂಥ ಬೆಲೆಯದನ್ನು ಆರಿಸುವುದು. ಸರಿಯಾದ ಪ್ರಮಾಣದಲ್ಲಿ ಹಚ್ಚಿದರೆ ಎಸ್‌ಪಿಎಫ್ 30 ಯುವಿಬಿ ಕಿರಣವನ್ನು ಶೇ 97ರಷ್ಟು ತಡೆಯುತ್ತದೆ, ಎಸ್‌ಪಿಎಫ್ 50 ಶೇ 98ರಷ್ಟು. ಆ ಒಂದು ಪಾಲಿಗಾಗಿ ದುಪ್ಪಟ್ಟು ಬೆಲೆ ಕೊಟ್ಟು, ಮುಗಿದುಹೋದೀತು ಎಂದು ಕಾಳಿನಷ್ಟು ಹಚ್ಚಿದರೆ ಎರಡೂ ಕೆಟ್ಟವು. ಬಂಗು ಇರುವವರು ಮಾತ್ರ ಡಬ್ಬಿಯ ಹಿಂದೆ ಐರನ್ ಆಕ್ಸೈಡ್ ಇದೆಯೇ ನೋಡಿ ಕೊಳ್ಳುವುದು ಒಳ್ಳೆಯದು. ಕಣ್ಣಿಗೆ ಕಾಣುವ ಬೆಳಕಿನಿಂದ ಬಂಗು ಗಾಢವಾಗುವುದನ್ನು ತಡೆಯಲು ಟಿಂಟ್‌ನೊಳಗಿನ ಆ ಬಣ್ಣ ನೆರವಾಗುತ್ತದೆ.

‘ನ್ಯಾಚುರಲ್ ಗ್ಲೋ’ ಹೆಸರಿನಲ್ಲಿ ಮಾರಾಟವಾಗುವ ಅಗ್ಗದ ಕ್ರೀಮುಗಳ ಬಗ್ಗೆ ಈ ಅಂಕಣಕಾರ್ತಿಗೆ ಭಯವಿದೆ, ಸಿಟ್ಟೂ ಇದೆ. ಒಂದು ವಾರದಲ್ಲಿ ಬೆಳ್ಳಗಾಗಿಸುವ ಕ್ರೀಮಿನಲ್ಲಿ ಸಾಮಾನ್ಯವಾಗಿ ಕೆಲಸ ಮಾಡುವುದು ಪಾದರಸ, ಇಲ್ಲವೇ ಸ್ಟೆರಾಯ್ಡ್. ಪಾದರಸ ಚರ್ಮದಲ್ಲಿ ಮೆಲನಿನ್ ತಯಾರಾಗುವುದನ್ನೇ ತಡೆಯುತ್ತದೆ, ಚರ್ಮದ ಮೂಲಕ ಒಳಗಿಳಿದು ಮೂತ್ರಪಿಂಡಕ್ಕೆ ಹೋಗುತ್ತದೆ. ಕೇರಳದ ಮಲಪ್ಪುರಂ ಜಿಲ್ಲೆಯಲ್ಲಿ ಮೂತ್ರದಲ್ಲಿ ಪ್ರೋಟೀನ್ ಸೋರುತ್ತಿದ್ದ ರೋಗಿಗಳು ಒಬ್ಬರ ಹಿಂದೊಬ್ಬರು ಬಂದಾಗ ವೈದ್ಯರು ಕಾರಣ ಕೆದಕಿದರು. ಮುಖಕ್ಕೆ ಹಚ್ಚುತ್ತಿದ್ದ ಬಿಳುಪಿನ ಕ್ರೀಮು ಸಿಕ್ಕಿಬಿತ್ತು; 2023ರಲ್ಲಿ ಅದು ದೇಶದ ಸುದ್ದಿಯಾಯಿತು. ಸ್ಟೆರಾಯ್ಡ್ ಕ್ರೀಮಿನ ಕಥೆ ಬೇರೆ. ವೈದ್ಯರ ಚೀಟಿ ಇಲ್ಲದೆ ಕೊಂಡು ತಿಂಗಳುಗಟ್ಟಲೆ ಹಚ್ಚಿದರೆ ಚರ್ಮ ತೆಳುವಾಗಿ, ಬಿಸಿಲಿಗೆ ಉರಿದು, ಬಿಟ್ಟರೆ ಮೊಡವೆ ಎದ್ದು, ಮತ್ತೆ ಅದನ್ನೇ ಹಚ್ಚುವಂತಾಗುತ್ತದೆ. ನೂರು ರೂಪಾಯಿ ಕ್ರೀಮಿನಿಂದ ಶುರುವಾಗಿ ಚರ್ಮವೈದ್ಯರ ಬಳಿ ಸಾವಿರಾರು ಸುರಿದ ಹೆಣ್ಣುಮಕ್ಕಳು ಅಂಕಣಕಾರ್ತಿಯ ಪರಿಚಯದಲ್ಲೇ ಇದ್ದಾರೆ. ತಯಾರಕರ ಲೈಸೆನ್ಸ್ ಸಂಖ್ಯೆ, ಬ್ಯಾಚ್ ಸಂಖ್ಯೆ, ಘಟಕಗಳ ಪಟ್ಟಿ ಇಲ್ಲದ ಡಬ್ಬಿ ಪುಕ್ಕಟೆ ಸಿಕ್ಕರೂ ಮನೆಗೆ ತರಬಾರದು. 1975ರಲ್ಲಿ ಬಂದ ಫೇರ್ ಅಂಡ್ ಲವ್ಲಿ 2020ರಲ್ಲಿ ಹೆಸರಿನಿಂದ ‘ಫೇರ್’ ತೆಗೆದುಹಾಕಿತು. ಬೆಳ್ಳಗಾಗಬೇಕೆಂಬ ಒತ್ತಡ ಮಾತ್ರ ಹೆಣ್ಣು ನೋಡುವ ಶಾಸ್ತ್ರದಿಂದ ಇನ್ನೂ ಹೋಗಿಲ್ಲ.

ಸಣ್ಣ ಸಂತೋಷದ ಹೆಸರಿನ ಖರ್ಚೂ ಒಂದಿದೆ. ಎಸ್ಟೀ ಲಾಡರ್ ಕಂಪನಿಯ ಲೆನರ್ಡ್ ಲಾಡರ್ 2001ರಲ್ಲಿ, ಆರ್ಥಿಕ ಹಿಂಜರಿತದ ಕಾಲದಲ್ಲಿ ಜನ ದೊಡ್ಡ ಖರ್ಚು ಬಿಟ್ಟು ಲಿಪ್‌ಸ್ಟಿಕ್ ಕೊಳ್ಳುತ್ತಾರೆ ಎಂದು ಗುರುತಿಸಿದರು. ಮುಂದಿನ ಹಿಂಜರಿತಗಳಲ್ಲಿ ಅದು ಪ್ರತಿ ಸಲ ನಿಜವಾಗಲಿಲ್ಲ. ಆದರೆ ಮನಸ್ಸಿನ ಆ ಚಾಳಿ ಫೋನಿನಲ್ಲಿ ಚೆನ್ನಾಗಿ ಕಾಣುತ್ತದೆ: ₹60ರ ಡೆಲಿವರಿ ಶುಲ್ಕ ಉಳಿಸಲು ₹249ರ ಬೇಡದ ನೇಲ್ ಪಾಲಿಶ್. ಜೊತೆಗೆ, ರಿಯಾಯಿತಿಯಲ್ಲಿ ಬಂದ ಡಬ್ಬಿಯ ಅವಧಿ ಮುಗಿಯಲು ಎರಡೇ ತಿಂಗಳು ಉಳಿದಿದ್ದರೆ ಫೋಟೋ ತೆಗೆದು ವಾಪಸು ಕೇಳಬೇಕು. ಅಂಕಣಕಾರ್ತಿಯ ಮನೆಗೆ ಅಂಥದ್ದೊಂದು ಬಂದಾಗ ಮಾರಾಟಗಾರ ಮೊದಲು ಒಪ್ಪಲಿಲ್ಲ. ರಾಷ್ಟ್ರೀಯ ಗ್ರಾಹಕ ಸಹಾಯವಾಣಿ 1915ಕ್ಕೆ ದೂರು ಕೊಟ್ಟ ಮೇಲೆ ಹಣ ಮರಳಿತು.

ಅಕ್ಕನ ಮಗಳ ವರ್ಷದ ಲೆಕ್ಕ ಹೀಗೆ ಕೂತಿದೆ: ಸನ್‌ಸ್ಕ್ರೀನ್ ₹3,650, ಮೂರು ತಿಂಗಳಿಗೊಂದರಂತೆ ಕಾಜಲ್ ₹800, ಲಿಪ್‌ಸ್ಟಿಕ್ ₹700, ಎರಡು ಮಿನಿ ಕನ್ಸೀಲರ್ ₹600, ಪೌಡರ್ ₹200. ಒಟ್ಟು ₹5,950, ತಿಂಗಳಿಗೆ ₹500 ಒಳಗೆ. ಅದರಲ್ಲಿ ಐದಕ್ಕೆ ಮೂರು ಪಾಲು ಸನ್‌ಸ್ಕ್ರೀನಿನದೇ ಆದ್ದರಿಂದ ಸೇಲ್ ಬಂದಾಗ ಆಕೆ ಗಮನ ಕೊಡುವುದು ಅದೊಂದಕ್ಕೆ. ಏಳು ಟ್ಯೂಬ್ ಒಟ್ಟಿಗೆ ಕೊಂಡರೆ ರಿಯಾಯಿತಿ ಜಾಸ್ತಿ ಎಂದು ಆ್ಯಪ್ ತೋರಿಸಿತು. ಸೇಲ್ ಸರಕಿನಲ್ಲಿ ಅವಧಿ ಹತ್ತಿರ ಬಂದವೂ ಸೇರಿರುತ್ತವೆ, ಮನೆಯಲ್ಲಿ ತಣ್ಣಗಿನ ಜಾಗವೂ ಕಡಿಮೆ. ನವೆಂಬರಿನಲ್ಲಿ ಮೂರು ತರಿಸಿದಳು. ಉಳಿದವನ್ನು ಏಪ್ರಿಲ್‌ನಲ್ಲಿ ಬೆಲೆ ನೋಡಿ ಕೊಳ್ಳುತ್ತಾಳೆ.